ಸೋಪಿನ ನೀರು

ಹದಿನೇಳನ್ನು ಕೊಂದೆ. ಎಣಿಸಿಯೇ ಕೊಂದೆ.

ವಾಲ್ಸಲ್ ಊರಿನ ಕಾಲುವೆ ಪಕ್ಕ
ವರ್ಷಕ್ಕಿಷ್ಟು ಬಾಡಿಗೆ ಕಟ್ಟಿ ಹಿಡಿದ
ಮೂರು ಮಂಚದಗಲ ಮಣ್ಣು ನನ್ನದು.
ಅದರಲ್ಲೊಂದು ಸಾಲು ಬ್ರಾಡ್ ಬೀನ್ಸ್,
ನಮ್ಮ ಅವರೆಗೆ ದೊಡ್ಡಪ್ಪನ ಮಗ:
ಹೊಟ್ಟೆ ದಪ್ಪ, ಸೊಗಡು ಕಡಿಮೆ.

ಜೂನ್ ಮೊದಲ ವಾರ ಕುಡಿಗಳೆಲ್ಲ ಕಪ್ಪು.
ಯಾರೋ ಎಳ್ಳು ಮೆತ್ತಿ ಹೋದ ಹಾಗೆ ಹೇನು.
ಇರುವೆಗಳು ಅವುಗಳ ಬೆನ್ನು ಸವರಿ ಸವರಿ
ಸಿಹಿ ಕರೆದುಕೊಳ್ಳುತ್ತಿದ್ದವು,
ಬೆಳಗಿನ ಕೊಟ್ಟಿಗೆಯ ಸಡಗರದಲ್ಲಿ.
ನಡುವೆ ಇವು:
ಬೂದು ಮೈ, ಬೆನ್ನ ತುಂಬ ಮುಳ್ಳು,
ಪಕ್ಕೆಯಲ್ಲಿ ಕಿತ್ತಳೆ ಮಚ್ಚೆ,
ಅಕ್ಕಿಕಾಳಿನಷ್ಟು ಮೊಸಳೆ.
ಆರು ಕಾಲೂ ಮುಂದೆಯೇ; ಉಳಿದ ಮೈಯನ್ನು
ಸಾಲದ ಮೂಟೆಯಂತೆ ಎಳೆದುಕೊಂಡು ಬರುವ ನಡಿಗೆ.
ಮುಖ ನೋಡಿ ಮಣೆ ಹಾಕುವವಳು ನಾನು.
ಇವಕ್ಕೆ ಹಾಕಿದ್ದು
ಐಸ್‌ಕ್ರೀಮ್ ಡಬ್ಬಿಯ ಸೋಪಿನ ನೀರು.

ಪಕ್ಕದ ತುಂಡು ಹೆಡ್ಲಿ ಟ್ರಾಂಟರನದು.
ಐವತ್ತೊಂದು ವರ್ಷ ಕುದುರೆಯ ಜೀನು ಹೊಲಿದವನು,
ಹೆಬ್ಬೆರಳ ತುದಿ ಕೊಂಬಿನಷ್ಟು ಗಟ್ಟಿ.
ಬೇಲಿಯ ಮೇಲಿಂದ ಬಗ್ಗಿ ಡಬ್ಬಿಯೊಳಗೆ ನೋಡಿದ.
ಬೈಯಲಿಲ್ಲ. ಟೋಪಿ ತೆಗೆದ,
ತಲೆ ಕೆರೆದ, ಮತ್ತೆ ಹಾಕಿಕೊಂಡ.
"ಅವು ನಮ್ಮ ಕಡೆಯವು ಕಣಮ್ಮ," ಎಂದ.
"ಲೇಡಿಬರ್ಡಿನ ಮರಿಗಳು."

ಅಂದರೆ ಗುಲಗಂಜಿ ಹುಳ!
ತಾತನ ಅಕ್ಕಸಾಲೆ ತಕ್ಕಡಿಯಲ್ಲಿ
ಚಿನ್ನದ ಎದುರು ಕೂರುತ್ತಿದ್ದದ್ದು
ಇಂಥದೇ ಕೆಂಪು, ಇಂಥದೇ ಕಪ್ಪು.
ಹದಿನೇಳು ಗುಲಗಂಜಿ ಎಂದರೆ
ಒಂದು ಬೆರಳಿಗೆ ತೆಳ್ಳನೆಯ ಉಂಗುರ.
ಅಷ್ಟನ್ನು ಕಲಸಿಬಿಟ್ಟಿದ್ದೆ, ನಿಂಬೆ ವಾಸನೆಯ ನೊರೆಯಲ್ಲಿ.

ದಿನಕ್ಕೆ ಎಷ್ಟು ಹೇನು ತಿನ್ನುತ್ತದೆ ಒಂದು, ಕೇಳಿದೆ.
"ಉಣ್ಣುವವರ ತುತ್ತು ಎಣಿಸಬಾರದು," ಎಂದ ಹೆಡ್ಲಿ,
ಈರುಳ್ಳಿ ಪಾತಿಗೆ ಹೋದ.

ಹದಿನೆಂಟನೆಯದು ನನ್ನ ನೀರಿನ ಕ್ಯಾನಿನ ಹಿಡಿಯಲ್ಲಿತ್ತು.
ಬಾಲದ ತುದಿ ಅಂಟಿಸಿ, ತಲೆ ಕೆಳಗಾಗಿ, ಗೂನು ಬಗ್ಗಿ.
ಮಾರನೆಯ ದಿನಕ್ಕೆ ಅದು ಹುಳವೇ ಅಲ್ಲ,
ಒಣಸೀಗಡಿಯ ಗಂಟು.
ನೆರಳು ಬಿದ್ದರೆ ಮಾತ್ರ ಒಮ್ಮೆ ಮೇಲಕ್ಕೆ ಮಿಡಿಯುವುದು,
ಬೇಡ ಎನ್ನುವ ಹಾಗೆ.
ಎಂಟು ದಿನ ಕ್ಯಾನು ಮುಟ್ಟಲಿಲ್ಲ.
ನಲ್ಲಿಯಿಂದ ಚಹಾದ ಕೆಟಲಿನಲ್ಲಿ ನೀರು ಹೊತ್ತೆ,
ಇಪ್ಪತ್ತಾರು ಸಲ ಹೋಗಿ ಇಪ್ಪತ್ತಾರು ಸಲ ಬಂದೆ.
ಕ್ಯಾರೆಟ್ ಪಾತಿಯ ಹುಡುಗಿ ನಕ್ಕಳು. ನಗಲಿ.

ಒಂಬತ್ತನೆಯ ಬೆಳಿಗ್ಗೆ
ಆಸ್ಪತ್ರೆ ಲಾಂಡ್ರಿಯ ರಾತ್ರಿಪಾಳಿ ಮುಗಿಸಿ
ಬ್ಲೀಚು ನಾರುವ ಕೈಯಲ್ಲೇ ಗೇಟು ತೆರೆದರೆ,
ಸಿಪ್ಪೆಯ ಪಕ್ಕ ಕೂತಿದೆ.
ಕೆಂಪಲ್ಲ. ಚುಕ್ಕೆಯಿಲ್ಲ.
ನೆನೆದ ಕಡಲೆಬೇಳೆಯ ಹಳದಿ, ಒದ್ದೆ ಒದ್ದೆ,
ಒಳರೆಕ್ಕೆಯನ್ನು ಸೆರಗಿನ ಹಾಗೆ
ಹಿಂದಕ್ಕೆ ಬಿಟ್ಟು ಒಣಗಿಸುತ್ತಾ.

ಕ್ರೇಟು ಮಗುಚಿ ಕೂತೆ.
ಚುಕ್ಕೆಗಳು ಒಂದೊಂದಾಗಿ ಬರುತ್ತವೆ ಎಂದುಕೊಂಡಿದ್ದೆ.
ಇಲ್ಲ. ಎಷ್ಟು ಒಗೆದರೂ ಹೋಗದ ಕಲೆ
ಒಣಗುತ್ತಾ ಒಣಗುತ್ತಾ ಮೇಲೇಳುತ್ತದಲ್ಲ,
ಹಾಗೆ ಒಳಗಿನಿಂದ, ಎಲ್ಲ ಒಟ್ಟಿಗೇ,
ಮೊದಲು ಹೊಗೆ, ಆಮೇಲೆ ಮಸಿ.

ಹೆಡ್ಲಿ ಬಂದು ನಿಂತ. "ಎಷ್ಟು?"
"ಏಳು."
"ಹಾಗಾದರೆ ಇಲ್ಲಿನದೇ. ಹೊರಗಿನಿಂದ ಬಂದವಕ್ಕೆ
ಹತ್ತೊಂಬತ್ತರವರೆಗೂ ಚುಕ್ಕೆ. ಅವು ನಮ್ಮವನ್ನೇ..."
ನನ್ನ ಮುಖ ನೋಡಿದ. ನಿಲ್ಲಿಸಿದ.
ಟೋಪಿ ತೆಗೆದ, ಮತ್ತೆ ಹಾಕಿಕೊಂಡ.
ನನಗೆ ನಗು ತಡೆಯಲಿಲ್ಲ.
"ಅವೂ ಹೇನು ತಿನ್ನುತ್ತವಲ್ಲ?"
"ತಿನ್ನುತ್ತವೆ," ಎಂದ, ನೆಲ ನೋಡುತ್ತಾ. "ಬಹಳ."

ಅಷ್ಟರಲ್ಲಿ ಅದು ಹಾರಿತ್ತು,
ಬೀನ್ಸಿನ ಸಾಲಿಗಲ್ಲ, ಅವನ ಗುಲಾಬಿಗೆ.
ಕ್ಯಾನು ತುಂಬಿಸಿ ಎತ್ತಿದೆ.
ಸಿಪ್ಪೆ ಹಿಡಿಗೆ ಅಂಟಿಯೇ ಇತ್ತು;
ಬೆರಳನ್ನು ಒಂದಿಷ್ಟು ಆಚೆಗೆ ಇಟ್ಟುಕೊಂಡೆ.