ತೊರೆಯದಮಲೆ

ನರಸೋಜಿ ಆ ಪರದೆ ಬರೆದದ್ದು
ಕಾಟನ್‌ಪೇಟೆಯ ಪದ್ಮಾ ಸ್ಟುಡಿಯೋದ ಹಿಂಗೋಡೆಗೆ.
ಹನ್ನೆರಡಡಿ ಒರಟು ಬಟ್ಟೆ, ಹುಣಸೆಬೀಜದ ಅಂಟು,
ಸುಣ್ಣದ ಪುಡಿ, ನೀಲಿ, ಒಂದಿಷ್ಟು ದೀಪದ ಮಸಿ.
ಊಟಿ ಬರಿ, ಕಾಶ್ಮೀರ ಬರಿ ಅಂದಿದ್ದರು ಸಾಹುಕಾರರು.
ಆತ ಬರೆದ ಎಲ್ಲೂ ಇಲ್ಲದ ಏಳು ಬೆಟ್ಟ.

'ಎಲ್ಲೂ ಇಲ್ಲ ಅನ್ನಬೇಡವೋ' ಎಂದು ನನ್ನ ತಲೆಗೆ ಮೊಟಕಿದ,
'ಇಲ್ಲಿಂದ ಕಾಣೋದಿಲ್ಲ, ಅಷ್ಟೆ.'

ಎಡಕ್ಕೆ ಹಾಲ್ಗುಡಿಕೆ, ಆಮೇಲೆ ಒಕ್ಕಣ್ಣಿ,
ಒಕ್ಕಣ್ಣಿಯ ಹೆಗಲಿಗೆ ಒರಗಿಕೊಂಡು ನಿದ್ದೆಗಲ್ಲು.
ನಡುವಿನದಕ್ಕೆ ಹೆಸರಿಲ್ಲ.
ತನ್ನ ಹೆಸರು ಅದಕ್ಕೇ ಗೊತ್ತಿಲ್ಲವಂತೆ,
ಗೊತ್ತಾದ ದಿನ ಎದ್ದು ನಡೆಯುತ್ತದಂತೆ.
ಉಳಿದ ಮೂರಕ್ಕೂ ಹೇಳಿದ್ದ. ಮರೆತೆ.

ಅಲ್ಲಿ ಬೆರಳು ಮಾಡಿ ತೋರಿಸಬಾರದು,
ಗದ್ದ ಎತ್ತಿ ತೋರಿಸಬೇಕು.
ಸುಳ್ಳಾಡಿದವನ ಕಣ್ಣೆದುರಿಗೇ
ತುದಿ ಒಂದು ಗೇಣು ಹಿಂದೆ ಸರಿಯುತ್ತದೆ.
ಸತ್ತ ಹಕ್ಕಿಗಳೆಲ್ಲ ಅಲ್ಲಿ ಕಲ್ಲಾಗಿ ಕೂತಿರುತ್ತವೆ,
ಹಿಡಿದರೆ ಬೆಚ್ಚಗೆ, ಅಂಗೈಯೊಳಗೊಂದು ಪುಟ್ಟ ಬಡಿತ.
ಅಲ್ಲಿಯ ದೇವರು ಹತ್ತುವವರಿಗೆ ಸಿಕ್ಕುವವನಲ್ಲ;
ಸೋತು ಇಳಿದು ಬರುವವರಿಗೆ ಎದುರಾಗುತ್ತಾನೆ,
ಕೈಯಲ್ಲೊಂದು ಚೊಂಬು ನೀರು.

'ನೀರೆಲ್ಲಿ ಮತ್ತೆ? ತೊರೆಯೇ ಬರೆದಿಲ್ಲ' ಅಂದೆ.
ಬೀಡಿಯನ್ನು ಕಾಲಡಿ ಹೊಸಕಿ ಅಂದ:
'ಅದು ನನ್ನ ಕೆಲಸ ಅಲ್ಲ. ಬೆಟ್ಟಕ್ಕೆ ಮನಸ್ಸಾದಾಗ ಅದೇ ಬಿಡ್ತದೆ.
ಅದಕ್ಕೇ ಇದು ತೊರೆಯದಮಲೆ.'
ತೊರೆ ಇನ್ನೂ ಬಾರದ್ದೆಂದೋ
ನಮ್ಮನ್ನು ತೊರೆಯದ್ದೆಂದೋ
ಬಿಡಿಸಿ ಹೇಳಲಿಲ್ಲ.

ಮಂಡಿಯವರು ನಿಂತರು ಅದರೆದುರು,
ಮಿಲ್ಲಿನ ಹೊಸ ಜೋಡಿಗಳು, ತಲೆ ಬೋಳಿಸಿಕೊಂಡ ಕೂಸುಗಳು.
ನಾನು ಲೈಟಿನ ಛತ್ರಿ ಹಿಡಿದವನು, ಎಲ್ಲ ನೋಡಿದವನು.
ಗಂಡಿನ ಸಂಬಳ ಏರಿಸಿ ಹೇಳಿದ ದಲ್ಲಾಳಿ ಬಂದ ದಿನ
ಒಕ್ಕಣ್ಣಿ ಸರಿದದ್ದು ನಿಜ.
ಪ್ರಿಂಟಿನ ಮೇಲೆ ಸ್ಕೇಲಿಟ್ಟು ಅಳೆದೆ: ಕಾಲಿಂಚು.

ಜರಿ ಸುತ್ತುವ ಮುನಿತಾಯಮ್ಮ ಬಂದಿದ್ದಳು ಒಮ್ಮೆ,
ಹೆರಿಗೆಯಾಗಿ ತಿಂಗಳು, ಕೈ ಖಾಲಿ.
ಕಾರ್ಡಿಗೆ ಹಚ್ಚುವ ಫೋಟೋ, ಹಿಂದೆ ಬಿಳಿ ಇರಬೇಕು ಅಂದರೆ
ಬೆಟ್ಟವೇ ಇರಲಿ ಅಂದಳು.
ಕ್ಲಿಕ್ಕಿಗೆ ಮುಂಚೆ ಅಂಗೈಯನ್ನು ಹಿಂದೆ ಚಾಚಿ
ಬಟ್ಟೆಗೆ ಒತ್ತಿ ಹಿಡಿದಳು.
'ಬಿಸಿ ಐತಲ್ಲಣ್ಣ.'
ಸಾಹುಕಾರರು ಕರಿಬಟ್ಟೆಯೊಳಗಿಂದ ತಲೆ ತೆಗೆಯಲಿಲ್ಲ,
ಎಷ್ಟೋ ಹೊತ್ತು.

ನರಸೋಜಿ ಹೋದ. ಸ್ಟುಡಿಯೋ ಬಲ್ಬಿನ ಅಂಗಡಿಯಾಯಿತು.
ನನಗೂ ಮಂಡಿ ನೋವು, ಕಣ್ಣಿಗೆ ಪೊರೆ.

ಮೊನ್ನೆ ಕಲಾಸಿಪಾಳ್ಯದಲ್ಲಿ ಬೆಳ್ಳುಳ್ಳಿ ಗಾಡಿಯೊಂದರ ಮೇಲೆ
ಕಂಡೆ ಅದನ್ನ, ನಾಲ್ಕು ಗಳುವಿಗೆ ಬಿಗಿದಿದ್ದ,
ಹಾಲ್ಗುಡಿಕೆಯ ನೆತ್ತಿಗೆ ತೂತು, ತೂತಿಗೆ ಹಗ್ಗ.
'ಗೋಡೌನಲ್ಲಿ ಸಿಕ್ತು, ಬಿಸಿಲಿಗೆ ಇವತ್ತೇ ಕಟ್ಟಿದ್ದು' ಅಂದ.
ಅನ್ನುತ್ತಲೇ ಬಂತು, ಮೇ ತಿಂಗಳ ಮಳೆ,
ಬಸ್ಸುಗಳ ಹಾರನ್ನು ಕೂಡ ಮುಳುಗಿಸುವಂಥದು.

ಬಟ್ಟೆ ಬಸುರಿಯಂತೆ ತುಂಬಿ ಜೋತಿತು.
ಅವನು ಕೋಲಿನಿಂದ ಮೇಲಕ್ಕೆ ತಿವಿದ.
ಹೆಸರಿಲ್ಲದ್ದಕ್ಕೂ ನಿದ್ದೆಗಲ್ಲಿಗೂ ನಡುವಿನ ಸಂದಿಯಿಂದ
ಇಳಿಯಿತು ಒಂದು ಧಾರೆ, ಬೆಳ್ಳಗೆ, ಹಾಲಿನ ಹಾಗೆ.
ಸುಣ್ಣ ಕರಗಿದ್ದು, ಗೊತ್ತು ನನಗೆ, ಅಂಟು ಬಿಟ್ಟದ್ದು;
ಅರೆದುಕೊಟ್ಟವನೇ ನಾನು.
ಆದರೂ ಅದು ಬಂದು ಕಾಲಬೆರಳು ಮುಟ್ಟಿತು,
ಮೊದಲು ತಣ್ಣಗೆ, ಆಮೇಲೆ ಹಾಗಲ್ಲ,
ಚಪ್ಪಲಿ ದಾಟಿ ಸೊಪ್ಪಿನ ಕಸದ ಮೇಲೆ ಹರಿದು
ಮೋರಿಯತ್ತ ಹೋಯಿತು.

ತಲೆಯೆತ್ತಿದರೆ ಬೆಟ್ಟ ಆರು.
ನಡುವಿನ ಜಾಗ ಖಾಲಿ, ಬರೀ ಬಟ್ಟೆ.

ಗದ್ದ ಎತ್ತಿ ತೋರಿಸಿದೆ.
'ಏನ್ರೀ ಬೇಕು?' ಎಂದು ಗದರಿದ.
'ಕಾಲು ಕೆಜಿ' ಅಂದೆ.
ಸುಳ್ಳಲ್ಲ. ಮನೆಯಲ್ಲಿ ಬೆಳ್ಳುಳ್ಳಿ ಮುಗಿದಿತ್ತು.