ಟನ್ನಿಗೆ ಮೂರು ಗ್ರಾಂ

ಹಟ್ಟಿಯ ಕ್ವಾರ್ಟರ್ಸಿನಲ್ಲಿ ತೊಟ್ಟಿಲು ಕಟ್ಟಿದ ದಿನ
ಸೈರನ್ ಆಗಿ ಎರಡನೇ ಪಾಳಿಯವರು ಇಳಿದ ಮೇಲೆ
ತಮ್ಮ ನನ್ನ ಅಂಗೈಯೊಳಗೊಂದು ಚೀಟಿ ಇಟ್ಟ:
"ಅಕ್ಕಾ, ಇದನ್ನ ಬಾಯಿಪಾಠ ಮಾಡು."

ಔರೇಲಿಯಾ.

ಓದಿದೆ. ಮತ್ತೊಮ್ಮೆ ಓದಿದೆ.
ಔ. ಔಷಧ, ಔಡಲೆಣ್ಣೆ ಬಿಟ್ಟರೆ
ನಮ್ಮ ಮನೆಯಲ್ಲಿ ಬೇರೆ ಕೆಲಸವಿಲ್ಲದ ಅಕ್ಷರ.
ಒಲೆಯ ಮುಂದಿನಿಂದಲೇ ಅವ್ವ ಕೂಗಿದಳು:
"ಏನಂದಿ? ಅವರಿಕಾಯಾ?
ಹುಲಿಗೆವ್ವಗ ಬೇಡಿಕೊಂಡು ಹುಟ್ಟಿದ ಕೂಸು,
ಆಕಿ ಹೆಸರಿಗೆ ಏನ್ ಧಾಡಿ ಆಗೈತಿ?"

ತಮ್ಮ ಆಕೆಯ ಹೆಸರು ಹೊತ್ತವನೇ, ಹುಲಗಪ್ಪ.
ಗಣಿಯ ಲ್ಯಾಬಿನಲ್ಲಿ ಕಲ್ಲಿನ ಪುಡಿ ತೂಗುತ್ತಾನೆ,
ಸೀಸ ಬೆರೆಸಿ ಮೂಸೆಗೆ ಹಾಕುತ್ತಾನೆ,
ಕುಲುಮೆ ತಣಿದ ಮೇಲೆ ಬಟ್ಟಲಿನ ತಳದಲ್ಲಿ
ಸಾಸಿವೆಗಿಂತ ಸಣ್ಣದೊಂದು ಹಳದಿ ಕಣ್ಣು.
ಅದನ್ನು ಚಿಮಟದಲ್ಲಿ ಹಿಡಿದು ಮತ್ತೆ ತೂಗಿ
ರಿಜಿಸ್ಟರಿನಲ್ಲಿ ಎ, ಯು ಎಂದು ಬರೆದು
ಮುಂದೊಂದು ಅಂಕಿ.
ಟನ್ನು ಕಲ್ಲಿಗೆ ಮೂರು ಗ್ರಾಂ ಬಂದ ದಿನ
ಸಾಹೇಬರು ಚಹಾ ಹೇಳುತ್ತಾರಂತೆ.

"ಹನ್ನೊಂದು ವರ್ಷ ಬರದೀನಿ ಆ ಎರಡಕ್ಷರ,
ಯಾಕಂತ ಒಮ್ಮೆನೂ ಕೇಳಿದ್ದಿಲ್ಲ.
ಅದು ಲ್ಯಾಟಿನ್ ಅಂತ ಅಕ್ಕಾ.
ಬಂಗಾರಕ್ಕ ಔರಮ್ ಅಂತಿದ್ರಂತ ಆ ಮಂದಿ.
ಅದರಾಗಿಂದ ಹೆಣ್ಣಿಗೊಂದು ಹೆಸರು. ಬಂಗಾರದಾಕಿ."
"ಆ ಮಂದಿ ಎಲ್ಲಿ ಅದಾರ ಈಗ?"
"ಯಾರೂ ಇಲ್ಲ. ಆ ಮಾತಿನ್ಯಾಗ ಬೈಯೋರೂ ಇಲ್ಲ."

ಅಷ್ಟು ಹೊತ್ತಿಗೆ ಅದೊಂದೇ ನನಗೆ ಹಿಡಿಸಿದ್ದು.
ಇದೇ ಹೆಸರು ಹಿಡಿದು, ಇದೇ ಮಾತಿನಲ್ಲಿ,
ಯಾರೂ ಅವಳನ್ನು ಬಾವಿಕಟ್ಟೆಯ ಮೇಲೆ ಬೈಯಲಾರರು.

"ಹಂಗಾರ ಬಂಗಾರೆವ್ವ ಅನ್ನು, ಮುಗೀತು."
ಅವ್ವ ಅಂದದ್ದು ತಪ್ಪಲ್ಲ.
ಆದರೆ ಬಂಗಾರೆವ್ವ ಅಂದರೆ ನಮ್ಮ ದೊಡ್ಡವ್ವ:
ಗಣಿಯಾಚೆಯ ಬೂದು ದಿಬ್ಬದ ಮಣ್ಣು
ಜರಡಿ ಹಿಡಿದೂ ಹಿಡಿದೂ ಬೆನ್ನು ಬಾಗಿ
ಮೂಗುಬೊಟ್ಟೂ ಇಲ್ಲದೆ ಹೋದಾಕೆ.
ತಮ್ಮ ಏನೂ ಅನ್ನಲಿಲ್ಲ. ಬೂಟಿನ ಲೇಸು ಬಿಚ್ಚುತ್ತ ಕುಳಿತ.
ಅವೇ ಬೂಟು; ದಿನಾ ಗೇಟಿನಲ್ಲಿ ಬಿಚ್ಚಿಸಿ ಕೊಡವುತ್ತಾರೆ,
ಬುತ್ತಿಡಬ್ಬಿ ತಿರುವಿ ಹಾಕುತ್ತಾರೆ, ಉಗುರಿನ ಸಂದಿ, ಕಿವಿಯ ಹಿಂದೆ.
"ಇದೊಂದು ದಾಟಿಸಿಕೊಂಡು ಬಂದೀನಿ" ಅಂದ,
ನಕ್ಕನೋ ಇಲ್ಲವೋ, ಮುಖ ಕೆಳಗಿತ್ತು.

ಹೆಸರು ಹೇಳಬೇಕಾದವಳು ನಾನು, ಸೋದರತ್ತೆ.
ನನ್ನ ಹೆಸರು ಸಾಕವ್ವ.
ಮೂರು ಹೆಣ್ಣಿನ ಬೆನ್ನಿಗೆ ಹುಟ್ಟಿದ್ದಕ್ಕೆ
ಸಾಕು ಅಂದರು, ಅದನ್ನೇ ಇಟ್ಟರು.
ಸಾಕು ಅಂದರೆ ಸಲಹು ಅಂತಲೂ ಆಗುತ್ತದೆ,
ಅದು ಹೊಳೆಯಲು ನನಗೆ ಮೂವತ್ತು ವರ್ಷ ಬೇಕಾಯಿತು,
ಹೊಳೆದಾಗ ಹೇಳಲು ಅಪ್ಪ ಇರಲಿಲ್ಲ.

ತೊಟ್ಟಿಲಿಗೆ ಬಗ್ಗಿದೆ. ಹಾಲಿನ ವಾಸನೆ, ಬೆವರಿದ ನೆತ್ತಿ.
ಕುರ್ರ್... ಅಂದೆ.
ಹೆಂಗಸರ ಗುದ್ದು ಬೆನ್ನ ಮೇಲೆ ಬೀಳತೊಡಗಿದವು,
ಒಂದು ಗುದ್ದಿಗೆ ಔ, ಇನ್ನೊಂದಕ್ಕೆ ರೇ,
ಲಿಯಾ ಅನ್ನುವಷ್ಟರಲ್ಲಿ ಉಸಿರು ಕಟ್ಟಿ ಕೆಮ್ಮು ಬಂತು.
ಕೂಸು ಕಣ್ಣು ಬಿಟ್ಟು ನನ್ನನ್ನೇ ನೋಡಿತು,
ಚೀಟಿ ಓದುವವರ ಹಾಗೆ, ಅಕ್ಷರ ಕೂಡಿಸುತ್ತ.

ಗುಗ್ಗರಿಗೆ ಅವರಿಕಾಳು ಬೆರೆಸಿದ್ದಳು ಅವ್ವ, ಬೇಕಂತಲೇ.

ರಾತ್ರಿ ನೆಲದಡಿಯಲ್ಲಿ ಸಿಡಿಮದ್ದು ಹಾರಿತು.
ನಾಗೊಂದಿಯ ಮೇಲಿನ ತಾಟುಗಳು ಕಟಕಟ ಅಂದವು,
ಕೂಸು ಬೆಚ್ಚಿ ಕೈ ಚಾಚಿತು.
ಅವ್ವ ಕತ್ತಲಲ್ಲೇ ಎದ್ದು ಎದೆಯ ಮೇಲೆ ಅಂಗೈ ಇಟ್ಟಳು:
"ಏನಿಲ್ಲ, ಮಲಕೋ ಅವರೀ,
ಕೆಳಗ ನಿನ್ನ ಹೆಸರು ಹುಡುಕಾಕತ್ಯಾರ."