ಚೀಲದ ಬಾಯಿ

ಸೋಮವಾರ. ಟೆಂಡರ್ ಮುಗಿದು ಸಂಜಿ ಆರಾಗಿತ್ತು.
ಬ್ಯಾಡಗಿ ಪ್ಯಾಟಿ ತುಂಬ ಸೀನು,
ಹಮಾಲರ ಸೀನು, ಲಾರಿ ಡ್ರೈವರನ ಸೀನು.
ನನಗ ಬರೂದಿಲ್ಲ; ಹದಿನೆಂಟು ವರ್ಷದ ರೂಢಿ.

ದಾವಲಣ್ಣ ಚೀಲದ ಮ್ಯಾಲೇ ಕುಂತಿದ್ದ.
ಅವನ ಪಾಲಿನ ಗಾದಿ ಖಾಲಿ, ನಾನೇ ಹಾಸಿಸಿದ್ದು.
ಎರಡಾಣೆ ಪಾಲುದಾರ, ಕಾಗದದಾಗ ಸಹಿ ಐತಿ,
ಆದರೂ ಚಪ್ಪಲಿ ಹೊರಗ ಬಿಟ್ಟು ಬರ್ತಾನ,
ನಮ್ಮವರು ಇದ್ದಾಗ ತೂಕಕ್ಕ ನಿಂತ ಹುಡುಗ
ಹೆಂಗ ಬರ್ತಿದ್ನೋ ಹಂಗ.

ರೈತರು ಈಗ ನನ್ನ ಕೇಳೂದಿಲ್ಲ.
“ಸಾಬ್ರು ಅದಾರೇನ್ರಿ?” ಅಂತಾರ. ಇಲ್ಲಂದ್ರ
ಮಾಲು ಇಳಸೂದಿಲ್ಲ, ಚಾ ಕುಡದು ಕಾಯ್ತಾರ.
ಒಂದು ಡಬ್ಬಿಕಾಯಿ ಕಿವಿಗೆ ಹಿಡದು ಅಲ್ಲಾಡಿಸಿ
ಎಷ್ಟು ದಿನ ಕಣದಾಗ ಒಣಗೇತಿ,
ತೂಕಕ್ಕಂತ ಯಾವ ರಾತ್ರಿ ನೀರು ಹೊಡದಾರ,
ಹೇಳಿಬಿಡ್ತಾನ.
ಲ್ಯಾಬಿನ ಕಾಗದ ಎರಡು ದಿನ ಬಿಟ್ಟು ಬಂದು
ಅವನ ಮಾತ ಒಪ್ಪತೈತಿ.

ನಾನು ಪಟ್ಟಿ ಬರೀತೀನಿ. ಫೋನು ಎತ್ತತೀನಿ.
ಬೋರ್ಡಿನ ಮ್ಯಾಲ ನಮ್ಮ ಮಾವನ ಹೆಸರು,
ಅದರ ನೆರಳಾಗ ಇಬ್ಬರೂ ಉಣ್ಣತೀವಿ,
ಒಬ್ಬಾಕಿ ಹದಿನಾಲ್ಕಾಣೆ.

ಹೋದ ತಿಂಗಳ ಕೋಲ್ಡ್ ಸ್ಟೋರೇಜಿನವರು ಕರದಿದ್ರಂತ,
ನಿನ್ನ ಹೆಸರಲೇ ಲೈಸನ್ಸ್ ಮಾಡಸು, ರೊಕ್ಕ ನಾವು ಹಾಕ್ತೀವಿ ಅಂತ.
ಅವ ಹೇಳಲಿಲ್ಲ. ಹಮಾಲ ಮೈಲಾರಿ ಹೇಳಿದ.
“ಅಕ್ಕಾರನ್ನ ಬಿಟ್ಟು ಬರೂದಿಲ್ಲ” ಅಂದ್ನಂತ.
ಕೇಳಿ ಹಿಗ್ಗಿದೆ.
ಆ ಹಿಗ್ಗಿಗೇ ರಾತ್ರಿ ನಿದ್ದಿ ಬರಲಿಲ್ಲ.

ಇವತ್ತ ಹೇಳಬೇಕಂತ ಬಂದಿದ್ದೆ:
ಅರ್ಧ ತಗೋ. ಇಲ್ಲಾ, ಹೋಗು.
ಎರಡೂ ಖರೇ ಮಾತ; ಎರಡೂ ಗಂಟಲಾಗ
ಮೆಣಸಿನ ಬೀಜದಂಗ ಅಂಟಿದ್ವು.

ಅವ ದಬ್ಬಣ ಹಿಡದು ಕಡೀ ಚೀಲದ ಬಾಯಿ ಹೊಲೀತಿದ್ದ.
ಹಮಾಲರ ಕೆಲಸ, ಆದ್ರ ಸುಮ್ನ ಕುಂಡ್ರಾಕ ಬರೂದಿಲ್ಲ ಅವಗ.
ಹೊಲಿಗಿ ನೋಡ್ರಿ, ಒಂದಕ್ಕೊಂದು ಬೆರಳಿನ ಅಂತರ,
ಒಂದು ಕಾಯಿ ಹೊರಗ ಬೀಳಬಾರದು,
ಒಂದು ಮಾತೂ.

“ದಾವಲಣ್ಣ, ಬೋರ್ಡು ಬದಲಿ ಮಾಡಸೂಣು.”
“ಬಣ್ಣ ಹೋಗೇತ್ರಿ ಖರೆ. ಪೇಂಟರನ್ನ ಕರೀತೀನಿ.”
“ಬಣ್ಣ ಅಲ್ಲ. ಹೆಸರು.”
ದಬ್ಬಣ ನಿಂತಿತು. ಎರಡು ಹೊಲಿಗಿ ಬಾಕಿ.
“ಯಾರ ಹೆಸರ್ರಿ?” ಅಂದ, ತಲಿ ಎತ್ತಲಿಲ್ಲ.

ಮಾವನ ಹೆಸರಿನ ಬಾಜೂಕ ಅವನ ಹೆಸರೋ,
ಎದುರಿನ ಸಾಲಿನಾಗ ಅವನದ ಬ್ಯಾರೆ ಬೋರ್ಡೋ,
ಅದನ್ನ ನಾನು ಇನ್ನೂ ತೂಗಿರಲಿಲ್ಲ.
ತೂಕದ ಹುಡುಗ ಅವ,
ನಾ ಸುಮ್ಮನಿದ್ದದ್ದನ್ನೂ ಗ್ರಾಂ ಬಿಡದ ತೂಗಿರಬೇಕು.

“ಚಾ ಹೇಳಿ ಬರ್ತೀನ್ರಿ” ಅಂತ ಎದ್ದ,
ದಬ್ಬಣ ಚೀಲಕ್ಕ ಚುಚ್ಚಿಟ್ಟು.
ಇಷ್ಟು ವರ್ಷದಾಗ ಮೊದಲ ಸಲ
ಅವ ಬಿಟ್ಟ ಚೀಲದ ಬಾಯಿ ಒಂಚೂರು ತೆರದಿತ್ತು.
ಒಳಗಿಂದ ಘಾಟು ಬಂತು.
ಸೀನಿದೆ.